ಆವತ್ತ ಮೌಶಿ ಯಾಕ ನಕ್ಕಿದ್ಲು

ಹೋದ ತಿಂಗಳಿಂದ ನಮ್ಮ ಮನ್ಯಾಗ ಬಾಣಂತನ ನಡದದ. ಮಗಳು ಚೊಚ್ಚಲ ಹೆರಿಗಿಗೆ ಅಂತ ಬಂದಾಳ. ಗಂಡು ಕೂಸು, ಎರಡು ಕೇಜಿ ಒಂಬತ್ನೂರು ಗ್ರಾಂ. ನಮ್ಮವ್ವಗ ಈಗ 74. ಮೊಣಕಾಲು ನೋವು ಅಂತ ದೇವರ ಮನಿಯೊಳಗೂ ಕುರ್ಚಿ ಹಾಕಿಸಿಕೊಂಡು ಕೂಡೋಕಿ, ಮರಿಮೊಮ್ಮಗ ಹುಟ್ಟಿದ ಅನ್ನೋದ ತಡ ಕುರ್ಚಿ ಬಿಟ್ಟೆದ್ದು ಪೂರಾ ಮನಿ ಚಾರ್ಜ್ ತೊಗೊಂಡ್ಲು. ಅಜವಾನದ ಹೊಗಿ, ಅಗ್ಗಿಷ್ಟಗಿ, ಅಂಟಿನುಂಡಿ, ಬೆಳ್ಳುಳ್ಳಿ, ಸಬ್ಬಸಗಿ. ಹೊಗಿ ಎಷ್ಟ ಅಂದ್ರ, ಮ್ಯಾಲಿನ ಮನಿಯವರು ಒಮ್ಮೆ ಓಡಿ ಬಂದು ‘ಏನರ ಸುಡ್ಲಿಕತ್ತದ ಏನ್ರಿ?’ ಅಂತ ಕೇಳಿ ಹೋದ್ರು.

ಎಲ್ಲಾ ಛಲೋನ ನಡದಿತ್ತು. ಎಂಟನೇ ದಿವಸಕ್ಕ ಮಗಳು ಸುಮ್ಮಸುಮ್ಮನ ಅಳಲಿಕ್ಕೆ ಶುರು ಮಾಡಿದ್ಲು. ಊಟಕ್ಕ ಕೂತಾಗ ಅಳೋದು, ಕೂಸಿಗೆ ಹಾಲು ಕುಡಸೋವಾಗ ಅಳೋದು. ನಮ್ಮವ್ವ ‘ಬಾಣಂತಿ ಅಳಬಾರದವಾ, ಹಾಲು ಬತ್ತತಾವ’ ಅಂದ್ಲು. ಅಳಿಯ ವಿಡಿಯೋ ಕಾಲ್‌ನಾಗ ‘ನಿದ್ದಿ ಕಡಿಮಿ ಆಗಿರಬೇಕು’ ಅಂದ. ನಾನೂ ಹಂಗ ಅನಕೊಂಡೆ. ಆದ್ರ ಹದಿನಾರನೇ ದಿವಸ ರಾತ್ರಿ ಮೂರರ ಸುಮಾರಿಗೆ ಎದ್ದು ನೋಡ್ತೀನಿ, ಲೈಟ್ ಆರಿಸಿ ಕಿಡಕಿ ಹತ್ರ ಕೂತಾಳ. ಕೂಸು ತೊಟ್ಟಲದಾಗ ಚೀರ್ಲಿಕತ್ತದ. ಅಕಿ ಅದರ ಕಡೆ ತಿರುಗಿನೂ ನೋಡವಲ್ಲಳು.

ಮರುದಿನ ಮುಂಜಾನೆ ನಾ ಏನ ಮಾಡಿದೆ ಗೊತ್ತದ ಏನ್ರಿ? ಬಾಣಂತಿ ಖೋಲಿಯೊಳಗಿನ ಕತ್ರಿ, ಬ್ಲೇಡು, ನೇಲ್ ಕಟರ್ ಎಲ್ಲಾ ಆರಿಸಿ ಒಂದು ಸ್ಟೀಲ್ ಡಬ್ಬ್ಯಾಗ ಹಾಕಿ ಅಟ್ಟದ ಮ್ಯಾಲಿಟ್ಟೆ. ಡಿಗ್ರಿ ಓದೋ ಸಣ್ಣ ಮಗನ್ನ ಕರದು, ‘ಅಕ್ಕನ ಮ್ಯಾಲೆ ಒಂದು ಕಣ್ಣಿಟ್ಟಿರು. ಏನರ ಬ್ಯಾರೆ ಕಂಡ್ರ ನನಗ ಬಂದು ಹೇಳು. ಅಕಿಗೆ ಮಾತ್ರ ಏನೂ ಕೇಳಬ್ಯಾಡ’ ಅಂದೆ.

ಅಂದ ಕೂಡ್ಲೆ ನನ್ನ ಬಾಯಿ ಒಣಗಿತು. ಯಾಕಂದ್ರ ಅದು ನನ್ನ ಮಾತಲ್ಲ. 1983ರಾಗ ಗದಗಿನ ಅಜ್ಜಿ ಮನ್ಯಾಗ, ಅಡಗಿಮನಿ ಬಾಗಲದಾಗ ನಿಂತು, ನಮ್ಮಜ್ಜಿ ನನಗ ಹೇಳಿದ ಮಾತು. ಒಂದಕ್ಷರ ಹೆಚ್ಚುಕಡಿಮಿ ಇಲ್ಲ.

ಆಗ ನಾನು ಆರನೇ ಇಯತ್ತೆ. ನಮ್ಮವ್ವನ ಕಡೀ ತಂಗಿ ನನಗ ಸಣ್ಣ ಮೌಶಿ. ಮದುವ್ಯಾಗಿ ಎರಡು ವರ್ಷಕ್ಕ ಅಕಿಗೆ ಗಂಡು ಕೂಸಾತು. ಹೆರಿಗ್ಯಾಗಿ ಹತ್ತು ದಿವಸಕ್ಕ ಬಾಣಂತಿ ಸನ್ನಿ ಆತು. ನಿದ್ದಿ ಇಲ್ಲ, ಮಂದಿ ಗುರ್ತು ಇಲ್ಲ, ‘ನನ್ನ ಕೂಸು ಯಾರೋ ಬದಲಿ ಮಾಡ್ಯಾರ’ ಅಂತ ಚೀರೋದು. ಮೊದಲು ತಾಯತ, ಅಂಗಾರ ಎಲ್ಲಾ ಆದ್ವು, ಆಮ್ಯಾಲೆ ದವಾಖಾನಿ. ಮೂರು ತಿಂಗಳಿಗೆ ಆರಾಮಾಗಿ ಬಂದ್ಲು. ಖರೇನ ಆರಾಮಾಗಿದ್ಲು. ಆದ್ರ ಗಂಡನ ಮನಿಯವರು ಕೂಸು ತಮ್ಮ ಹತ್ರ ಇಟಗೊಂಡು ಅಕಿನ್ನ ತವರಮನ್ಯಾಗ ಬಿಟ್ಟು ಹೋದ್ರು. ‘ಪೂರಾ ಆರಾಮಾಗಲಿ, ಆಮ್ಯಾಲೆ ನೋಡೋಣ’ ಅಂದ್ರಂತ.

ನಮ್ಮ ಕಡೆ ಒಂದು ಚಾಷ್ಟಿ ಮಾತದ. ಯಾರರ ಸ್ವಲ್ಪ ವಿಚಿತ್ರ ಮಾಡಿದ್ರ ‘ಧಾರವಾಡಕ್ಕ ಒಯ್ಯಬೇಕೇನ ನಿನ್ನ?’ ಅಂತಾರ, ಅಲ್ಲಿ ಮಾನಸಿಕ ಆಸ್ಪತ್ರಿ ಅದ ಅಂತ. ಮೌಶಿ ಬಂದ ಮ್ಯಾಲೆ ಮನ್ಯಾಗ ಆ ಮಾತು ಬಂದಾತು. ಅದರ ಬದಲಿಗೆ ಇನ್ನೊಂದು ಶುರು ಆತು: ‘ಕಲ್ಪನಾ’. ಮೌಶಿ ಪಡಸಾಲಿಗೆ ಬಂದ್ರ ಯಾರರ ಒಬ್ರು ಸಣ್ಣ ದನಿಲೆ ‘ಕಲ್ಪನಾ ಬಂದ್ಲು’ ಅನ್ನೋರು, ಉಳದವರು ಮಾತು ನಿಲ್ಲಸೋರು. ನಮಗ ಹುಡುಗುರಿಗೂ ಗೊತ್ತಿತ್ತು. ಕಲ್ಪನಾ ಅಂದ್ರ ‘ಶರಪಂಜರ’ ಸಿನೆಮಾದಾಗ ಹುಚ್ಚಿ ಆದಾಕಿ.

ಆ ಸಿನೆಮಾ ಬಂದದ್ದು 1971ರಾಗ, ಪುಟ್ಟಣ್ಣ ಕಣಗಾಲ್ ಅವರದು. ನಮ್ಮವ್ವ ಆಗಿನ್ನೂ ಹೊಸದಾಗಿ ಮದುವಿಯಾದಾಕಿ. ಅಜ್ಜಿ, ಅವ್ವ, ಉಳದಿಬ್ಬರು ಮೌಶಿಯರು, ಬಾಜೂ ಮನಿಯವರು ಎಲ್ಲಾ ಕೂಡಿ ಹೋಗಿದ್ರಂತ. ಸಣ್ಣ ಮೌಶಿಗೆ ಆಗ ಹನ್ನೆರಡು ವರ್ಷ, ಅಕಿನೂ ಹೋಗಿದ್ಲು. ಸೆರಗಿನ ಚುಂಗು ತೊಯ್ಯೋ ಹಂಗ ಎಲ್ಲಾರೂ ಅತ್ತು ಬಂದಿದ್ರಂತ. ಅಜ್ಜಿ ಮೂರು ದಿವಸ ‘ಪಾಪ ಆ ಹುಡುಗಿ, ಪಾಪ ಆ ಹುಡುಗಿ’ ಅಂತ ಅನಕೋತ ತಿರಗ್ಯಾಡಿದ್ಲಂತ. ಹನ್ನೆರಡು ವರ್ಷ ಆದ ಮ್ಯಾಲೆ ಅದ ಹುಡುಗಿ ಅಕಿ ಹೊಟ್ಟ್ಯಾಗ ಹುಟ್ಟಿದಾಕಿ ಆಗಿ ಮನಿಗೆ ಬಂದಾಗ, ಅದ ಅಜ್ಜಿ ಇಳಗಿ ಮಣಿ ಮುಚ್ಚಿಟ್ಲು, ಗುಳಗಿ ಎಣಿಸಲಿಕ್ಕೆ ಶುರು ಮಾಡಿದ್ಲು, ನನ್ನ ಪಹರೆಕ್ಕ ಹಚ್ಚಿದ್ಲು. ಇದರಾಗ ಅಜ್ಜೀದು ಕೆಟ್ಟತನ ಏನೂ ಇದ್ದಿದ್ದಿಲ್ಲ. ಅಂಜಿಕಿ ಇತ್ತು, ಅಷ್ಟ.

ನನಗರ ಈ ಪಹರೆ ಕೆಲಸ ಭಾರೀ ಖುಷಿ. ಮೌಶಿ ಎಷ್ಟು ಸಲ ಕೈ ತೊಳದ್ಲು, ಎಷ್ಟೊತ್ತು ಹಿತ್ತಲದಾಗ ನಿಂತ್ಲು, ಎಲ್ಲಾ ಹೋಗಿ ವರದಿ ಒಪ್ಪಸೋದು. ಒಂದಿನ ರಾತ್ರಿ ಎಲ್ಲಾರೂ ಮಲಗ್ಯಾರ, ಮೌಶಿ ಹಾಸಗ್ಯಾಗ ಎದ್ದು ಕೂತು ಒಬ್ಬಾಕಿನ ನಗ್ಲಿಕತ್ತಿದ್ಲು. ಬಾಯಿಗೆ ಸೆರಗು ಹಿಡಕೊಂಡು, ಭುಜಾ ಅಲ್ಲಾಡೋ ಹಂಗ. ನಾ ಕಣ್ಣು ಮುಚ್ಚಿದಂಗ ಮಾಡಿ ಎಲ್ಲಾ ನೋಡಿದೆ.

ಮರುದಿನನ ಮೌಶಿ ಗಂಡನ ಮನಿಯವರು ಬಂದ್ರು. ಅತ್ತಿ, ಮಾವ, ಕಾಕಾ. ಒಂಬತ್ತು ತಿಂಗಳ ಕೂಸಿನ್ನೂ ಕರಕೊಂಡು ಬಂದಿದ್ರು. ಮೌಶಿ ಹೆರಳು ಹಾಕ್ಕೊಂಡು, ಕುಂಕುಮ ಹಚಗೊಂಡು, ಎಲ್ಲಾರಿಗೂ ಚಹಾ ತಂದು ಕೊಟ್ಲು, ಕೈ ಸೈತ ನಡುಗಲಿಲ್ಲ. ಕೂಸಿನ ಕಡೆ ನೋಡಿದ್ರ ಏನ ತಿಳಕೋತಾರೋ ಅಂತ ಅದರ ಕಡೆನೂ ಭಾಳ ನೋಡಲಿಲ್ಲ. ಅವರ ಅತ್ತಿ ನನ್ನ ಹತ್ರ ಕರದು, ‘ನಿಮ್ಮ ಮೌಶಿ ಆರಾಮಿದ್ದಾಳಲ್ಲವಾ?’ ಅಂತ ಪ್ರೀತಿಲೆ ಕೇಳಿದ್ರು. ನಾನು ಎಲ್ಲಾರ ಮುಂದ, ಅಗದಿ ಜೋರಾಗಿ, ‘ನಿನ್ನೆ ರಾತ್ರಿ ಒಬ್ಬಾಕಿನ ನಗ್ಲಿಕತ್ತಿದ್ಲು’ ಅಂದೆ.

ಅವರು ಚಹಾ ಕುಡದು ಎದ್ರು. ಕೂಸಿನ್ನ ವಾಪಸ್ ಕರಕೊಂಡು ಹೋದ್ರು. ‘ಇನ್ನೊಂದು ಸ್ವಲ್ಪ ದಿವಸ ಹೋಗಲಿ’ ಅಂದ್ರು. ನನ್ನ ಒಂದು ಮಾತಿಗೇ ಹಂಗಾತು ಅಂತ ನಾ ಹೇಳಂಗಿಲ್ಲ, ಅವರ ಮನಸ್ಸಿನಾಗ ಮೊದಲ ಏನಿತ್ತೋ ಏನೋ. ಆದ್ರ ಆ ಸ್ವಲ್ಪ ದಿವಸ ಮುಗೀಲೇ ಇಲ್ಲ.

ಮುಂದ ಆರು ವರ್ಷಕ್ಕ, ನಾ ಕಾಲೇಜಿಗೆ ಹೋಗಬೇಕಾದ್ರ, ಲೈಬ್ರರಿಯಾಗ ‘ಶರಪಂಜರ’ ಕಾದಂಬರಿ ಸಿಕ್ತು. ಅದು ಮೊದಲು ಪುಸ್ತಕ, ಆಮ್ಯಾಲೆ ಸಿನೆಮಾ ಅನ್ನೋದ ನನಗ ಗೊತ್ತಿದ್ದಿದ್ದಿಲ್ಲ. ಬರದಾಕಿ ತ್ರಿವೇಣಿ. ಅವರ ಖರೇ ಹೆಸರು ಅನಸೂಯಾ ಶಂಕರ್, ಹುಟ್ಟಿದ್ದು 1928ರಾಗ, ಮೈಸೂರಿನಾಗ ಮನಶ್ಶಾಸ್ತ್ರ ಓದಿದವರು. ‘ಬೆಕ್ಕಿನ ಕಣ್ಣು’, ‘ಮುಕ್ತಿ’, ‘ದೂರದ ಬೆಟ್ಟ’, ‘ಹಣ್ಣೆಲೆ ಚಿಗುರಿದಾಗ’ ಎಲ್ಲಾ ಅವರವ. ಮನಸ್ಸಿಗೆ ಪೆಟ್ಟು ಬಿದ್ರ ಏನಾಗ್ತದ ಅನ್ನೋದನ್ನ ಅಡಗಿಮನ್ಯಾಗ ಕೂತು ಓದೋ ಹೆಣ್ಣುಮಕ್ಕಳಿಗೆ ತಿಳಿಯೋ ಹಂಗ, ಅಗದಿ ಸರಳ ಕನ್ನಡದಾಗ ಬರದ್ರು. ಆಗಿನ ಕಾಲಕ್ಕ ನಮ್ಮ ಮನೀ ಹೆಂಗಸರು ಇಂಥಾ ಡಾಕ್ಟರ್ ಕಡೆ ಎಲ್ಲಿ ಹೋಗ್ತಿದ್ರು? ಅವರಿಗೆ ಮನಸ್ಸಿನ ಜಡ್ಡು ಗೊತ್ತಾಗಿದ್ದರ ಕಾದಂಬರಿಯಿಂದನ. ಅವರು ತೀರಿಕೊಂಡಿದ್ದು 1963ರಾಗ, ಮೂವತ್ನಾಕು ವರ್ಷಕ್ಕ. ಹೆಣ್ಣು ಕೂಸು ಹಡದು ಸ್ವಲ್ಪ ದಿವಸಕ್ಕ. ಬಾಣಂತಿ ಮನಸ್ಸಿನ ಬಗ್ಗೆ ಹಂಗ ಬರದಾಕಿ ತಾನೂ ಬಾಣಂತಿ ಇದ್ದಾಗನ ಹೋದ್ಲಲ್ಲಾ ಅಂತ ನನಗ ಈಗೂ ಅನಸ್ತದ.

ಕಥಿ ನಿಮಗೆಲ್ಲಾ ಗೊತ್ತಿರಬೇಕು. ಕಾವೇರಿ, ಸತೀಶ. ಛಲೋ ಸಂಸಾರ. ಎರಡನೇ ಹೆರಿಗಿ ಆದ ಮ್ಯಾಲೆ ಕಾವೇರಿ ಮನಸ್ಸು ಕೆಡ್ತದ. ಮದುವಿಗಿಂತ ಮೊದಲು ನಡದದ್ದೊಂದು ಘಟನಾ ಅಕಿ ಯಾರ ಮುಂದೂ ಹೇಳಿರಂಗಿಲ್ಲ, ಹೇಳೋ ಹಂಗೂ ಇರಂಗಿಲ್ಲ. ಮೈ ಸೋತಾಗ, ನಿದ್ದಿ ಕೆಟ್ಟಾಗ ಅದೆಲ್ಲಾ ಹೊರಗ ಬರ್ತದ. ದವಾಖಾನಿಗೆ ಹೋಗ್ತಾಳ, ಆರಾಮಾಗ್ತಾಳ, ಮನಿಗೆ ಬರ್ತಾಳ. ಬ್ಯಾರೆ ಯಾರರ ಬರದಿದ್ರ ಕಥಿ ಅಲ್ಲಿಗೇ ಮುಗಸ್ತಿದ್ರೋ ಏನೋ. ತ್ರಿವೇಣಿಯವರ ಖರೇ ಕಥಿ ಅಲ್ಲಿಂದ ಶುರು ಆಗ್ತದ.

ನಾ ಓದ್ಕೋತ ಹೋದಂಗ ನನಗ ಬೆವರು ಬರ್ಲಿಕ್ಕೆ ಹತ್ತಿತು. ಅಕಿ ಸಿಟ್ಟಿಗೆದ್ರ ಜಡ್ಡು, ನಕ್ರ ಜಡ್ಡು, ಸುಮ್ನ ಕೂತ್ರೂ ಜಡ್ಡು. ಗಂಡನ ಮ್ಯಾಲೆ ಅಕಿಗೆ ಬರೋ ಸಂಶಯ ಸುಳ್ಳಲ್ಲ, ಆದ್ರ ಒಮ್ಮೆ ಹುಚ್ಚಿ ಅನಿಸಿಕೊಂಡಾಕಿ ಖರೇ ಹೇಳಿದ್ರ ಯಾರು ನಂಬ್ತಾರ? ಓದೋರಿಗೆ ಗೊತ್ತಿರ್ತದ ಅಕಿ ಶಾಣ್ಯಾ ಅದಾಳ ಅಂತ, ಮನಿಯವರಿಗೆ ಮಾತ್ರ ಗೊತ್ತಿರಂಗಿಲ್ಲ. ಯಾಕಂದ್ರ ತ್ರಿವೇಣಿಯವರು ನಮ್ಮನ್ನ ಕಾವೇರಿ ಬಾಜೂಕ ಕೂಡಿಸಿರ್ತಾರ, ಅಕಿನ್ನ ನೋಡೋ ಮಂದಿ ಸಾಲಿನಾಗ ಅಲ್ಲ. ಶರಪಂಜರ ಅಂದ್ರ ಬಾಣದ ಪಂಜರ. ಅಕಿ ಮತ್ತ ದವಾಖಾನಿಗೆ ಹೋಗೋದು ಹಳೇ ಗಾಯದಿಂದ ಅಲ್ಲ, ಮನಿಗೆ ಬಂದ ಮ್ಯಾಲೆ ದಿನಾ ಒಂದೊಂದು ಬಿದ್ದ ಬಾಣದಿಂದ.

ಬಾಣದಾಗ ಒಂದು ನಂದು ಅನ್ನೋದು ಆವತ್ತ ತಿಳೀತು. ಆದ್ರ ಅಜ್ಜಿ ಕಲಿಸಿದ ಪಾಠ ಎಲ್ಲಿ ಹೋಗ್ತದ? ಮೌಶಿ ಕೈಗೆ ಆ ಪುಸ್ತಕ ಸಿಗಬಾರದು ಅಂತ ಗಾದಿ ಬುಡಕ ಮುಚ್ಚಿಟ್ಟೆ! ಸೂಟಿ ಇತ್ತು, ನಾ ಗದಗಿನಾಗ ಇದ್ದೆ. ಮೌಶಿ ಗಾದಿ ಝಾಡಿಸಬೇಕಾದ್ರ ಸಿಕ್ಕಿರಬೇಕು. ರಾತ್ರಿ ನೀರಿಗೆ ಅಂತ ಎದ್ದಾಗ ಅಡಗಿಮನ್ಯಾಗ ಲೈಟ್ ಇತ್ತು. ಮೌಶಿ ಮಣಿ ಮ್ಯಾಲೆ ಕೂತು ಓದ್ಲಿಕತ್ತಿದ್ಲು. ನನಗ ಎದಿ ಡವಡವ. ಅಜ್ಜಿನ್ನ ಎಬ್ಬಿಸಬೇಕೋ ಬ್ಯಾಡೋ ಅಂತ ಬಾಗಲ ಹಿಂದ ಎಷ್ಟೊತ್ತು ನಿಂತೆ. ಎಬ್ಬಿಸಲಿಲ್ಲ. ಜೀವನದಾಗ ನಾ ಮಾಡಿದ ನಾಕು ಛಲೋ ಕೆಲಸದಾಗ ಅದೂ ಒಂದು.

ಮುಂಜಾನೆ ಮೌಶಿ ನನಗ ಚಹಾ ಕೊಟ್ಟು, ಪುಸ್ತಕಾನೂ ಕೊಟ್ಟು, ಎದುರಿಗೆ ಕೂತ್ಲು. ‘ಎಲ್ಲಾರೂ ಅಕಿ ಕಡೆ ನೋಡ್ತಾರ, ಒಬ್ಬರೂ ಅಕಿಗೆ ಏನೂ ಕೇಳಂಗಿಲ್ಲ ನೋಡು’ ಅಂದ್ಲು. ನಾ ತಲಿ ಎತ್ತಲಿಲ್ಲ. ಸ್ವಲ್ಪ ಹೊತ್ತು ಬಿಟ್ಟು, ‘ಆವತ್ತ ರಾತ್ರಿ ನಾ ಯಾಕ ನಕ್ಕಿದ್ದೆ ಗೊತ್ತದ ಏನ ನಿನಗ?’ ಅಂದ್ಲು.

ಆರು ವರ್ಷ. ಅಜ್ಜಿ ಕೇಳಿದ್ದಿಲ್ಲ, ಅವ್ವ ಕೇಳಿದ್ದಿಲ್ಲ, ನಾ ಕೇಳಿದ್ದಿಲ್ಲ. ಗುಳಗಿ ಹೆಚ್ಚು ಮಾಡಿಸಿದ್ರು, ಕಾರಣಾ ಕೇಳಲಿಲ್ಲ.

‘ಕೂಸು ಹುಟ್ಟಿ ನಾಕನೇ ದಿವಸಕ್ಕ ಒಮ್ಮೆ ಸೀನಿತ್ತು. ತಾನ ಸೀನಿ, ತಾನ ಅಂಜಿ, ಎರಡೂ ಕೈ ಮ್ಯಾಲೆತ್ತಿ ನನ್ನ ಮಾರಿ ನೋಡಿತ್ತು, ನೀನ ಏನರ ಮಾಡಿದಿ ಅನ್ನೋ ಹಂಗ. ಮರುದಿನ ಅದನ್ನ ಕರಕೊಂಡು ಬರ್ತಾರಂತ ಗೊತ್ತಿತ್ತಲ್ಲ, ಅದ ನೆನಪಾಗಿತ್ತು.’

ಇಷ್ಟ ಹೇಳಿ ಅಕಿ ಚಹಾದ ಕಪ್ಪು ತೊಗೊಂಡು ಒಳಗ ಹೋದ್ಲು. ನನ್ನ ಬೈಲಿಲ್ಲ. ಬೈದಿದ್ರ ಛಲೋ ಇತ್ತು.

ಅದಾದ ಮ್ಯಾಲೆ ಇಂಥಾ ಕಥಿ ಎಲ್ಲೇ ಸಿಕ್ರೂ ಬಿಡದ ಓದಿದೆ. ವೈದೇಹಿಯವರ ‘ಅಕ್ಕು’ ಓದಿದಾಗ ಮತ್ತ ಮೌಶಿ ಕಣ್ಣಮುಂದ ಬಂದ್ಲು. ಅಕ್ಕು ಗಂಡ ಬಿಟ್ಟು ಹೋದಾಕಿ. ಬಸರಿ ಅದೀನಿ ಅಂತ ಹೇಳ್ಕೋತ ತಿರಗ್ಯಾಡ್ತಾಳ, ಮನಿ ಮಂದಿ ನಗ್ತಾರ, ಬೈತಾರ. ಕುಂದಾಪುರದ ಕಡೆ ಮಾತು, ನಮ್ಮ ಮಾತಿಗೂ ಅದಕ್ಕೂ ಅಜಗಜಾಂತರ, ಆದ್ರ ಮನಿ ಮಾತ್ರ ನಮ್ಮದ. ತ್ರಿವೇಣಿ ಎಲ್ಲಾ ಬಿಡಿಸಿ ಹೇಳ್ತಾರ: ಇಲ್ಲಿ ಪೆಟ್ಟು ಬಿತ್ತು, ಇಲ್ಲಿ ಮುಚ್ಚಿಟ್ಲು, ಇಲ್ಲಿ ಒಡೀತು. ವೈದೇಹಿ ಹಂಗ ಬಿಡಿಸಂಗಿಲ್ಲ. ಅಕ್ಕು ಸೊಟ್ಟ ಮಾತಾಡಿದ್ದು ಸೊಟ್ಟನ ಇಡ್ತಾರ. ಆ ಸೊಟ್ಟ ಮಾತಿನಾಗ ಮನಿಯವರ ಬಗ್ಗೆ ಎಷ್ಟು ಖರೇ ಇರ್ತದ ಅನ್ನೋದು ಎರಡನೇ ಸಲ ಓದಿದಾಗ ನಮಗ ತಿಳೀಬೇಕು. ಪೆಟ್ಟು ತಿಂದವರು ಕೋರ್ಟಿನಾಗ ಹೇಳಿಕಿ ಕೊಟ್ಟಂಗ ಒಂದರ ಹಿಂದ ಒಂದು ಹೇಳಂಗಿಲ್ಲ. ‘ಕೂಸು ಬದಲಿ ಮಾಡ್ಯಾರ’ ಅಂತಾರ. ಬದಲಿ ಯಾರೂ ಮಾಡಿದ್ದಿಲ್ಲ, ಖರೇ. ಆದ್ರ ಆಮ್ಯಾಲೆ ಕೂಸಿನ್ನ ಕಸಗೊಂಡವರು ಇದ್ರಲ್ಲಾ!

ಆದ್ರ ಒಂದು ಮಾತು ಒಪ್ಪಬೇಕು. ಓದಿದ್ರ ಮನಶ್ಯಾ ಬದಲಾಗ್ತಾನ ಅಂತ ಭಾಳ ಮಂದಿ ಬರೀತಾರ. ನಮ್ಮ ಮನ್ಯಾಗ ಎಲ್ಲಾರೂ ಸಿನೆಮಾ ನೋಡಿ ಅತ್ತಿದ್ರು, ನಾ ಪುಸ್ತಕ ಎರಡೆರಡು ಸಲ ಓದಿದ್ದೆ. ಹಂಗಿದ್ರೂ ನಲವತ್ತು ವರ್ಷ ಆದ ಮ್ಯಾಲೆ ನನ್ನ ಮಗಳ ಪಾಳಿ ಬಂದಾಗ ನಾ ಮೊದಲು ಮಾಡಿದ್ದು ಕತ್ರಿ ಮುಚ್ಚಿಟ್ಟದ್ದು, ತಮ್ಮನ್ನ ಪಹರೆಕ್ಕ ಹಚ್ಚಿದ್ದು. ಕಾವೇರಿ ಸಲುವಾಗಿ ಅಳೋದು ಸರಳ, ಅಕಿ ನಮ್ಮ ಮನಿಯಾಕಿ ಅಲ್ಲ, ಅಕಿ ಗುಳಗಿ ನಾವು ಎಣಸಬೇಕಾಗಿಲ್ಲ. ಪುಸ್ತಕ ನನಗ ಮಾಡಿದ ಉಪಕಾರ ಇಷ್ಟ: ಮಗನ ಮುಂದ ಆ ಮಾತು ಬಾಯಿಂದ ಬಿದ್ದ ಕೂಡ್ಲೆ ಅದು ಯಾರ ಮಾತು ಅಂತ ಗುರ್ತು ಸಿಕ್ತು.

ಮಗಗ ‘ನಾ ಹೇಳಿದ್ದು ಬಿಡು’ ಅಂದೆ. ಬಾಣಂತಿ ಖೋಲಿಗೆ ಹೋಗಿ, ಅಗ್ಗಿಷ್ಟಗಿ ಸರಿಸಿ, ಮಗಳ ಬಾಜೂಕ ಕೂತೆ. ‘ನಿನ್ನೆ ರಾತ್ರಿ ಕಿಡಕಿ ಹತ್ರ ಯಾಕ ಕೂತಿದ್ದಿ?’ ಅಂತ ಕೇಳಿದೆ. ಅಕಿ ಭಾಳೊತ್ತು ಸುಮ್ನಿದ್ಲು. ನನಗ ಎದ್ದು ಹೋಗಬೇಕು ಅನಿಸಿತ್ತು, ಹೋಗಲಿಲ್ಲ. ಆಮ್ಯಾಲೆ ಹೇಳಿದ್ಲು. ಹೆರಿಗಿ ಖೋಲ್ಯಾಗ ಅಕಿ ಒದ್ದಾಡಬೇಕಾದ್ರ ಅಲ್ಲಿ ಒಬ್ಬರು ಅಂದ ಮಾತು ಹೇಳಿದ್ಲು. ಆ ಮಾತು ನಾ ಇಲ್ಲೆ ಬರಿಯಂಗಿಲ್ಲ. ರಕ್ತ ಹೋಗಲಿಕ್ಕೆ ಹತ್ತಿದಾಗ ‘ನಾ ಇನ್ನ ಉಳಿಯಂಗಿಲ್ಲ’ ಅಂತ ಅನಿಸಿದ್ದು ಹೇಳಿದ್ಲು. ‘ಕೂಸು ಅಳೋದು ಕೇಳಿದ್ರ ನನಗ ಅದ ಖೋಲಿ ನೆನಪಾಗ್ತದ ಅವ್ವಾ. ಕೂಸಿನ ಮ್ಯಾಲೆ ಪ್ರೀತಿನ ಬರವಲ್ದು. ಇದನ್ನ ಯಾರ ಮುಂದ ಹೇಳ್ಲಿ?’ ಅಂದ್ಲು. ಹದಿನಾರು ದಿವಸ ನಾವು ಅಕಿ ಕಿವಿಗೆ ಅರಳಿ ಇಟ್ಟಿದ್ವಿ, ತಲಿಗೆ ಸ್ಕಾರ್ಫ್ ಕಟ್ಟಿದ್ವಿ, ಹೊಟ್ಟಿಗೆ ಪಟ್ಟಿ ಬಿಗದಿದ್ವಿ.

ಬರೇ ಕೇಳಿದ್ರ ಎಲ್ಲಾ ಆರಾಮಾಗ್ತದ ಅಂತ ನಾ ಹೇಳ್ಲಿಕತ್ತಿಲ್ಲ. ಅವತ್ತ ಸಂಜಿಗೆ ಮನೋವೈದ್ಯರ ಕಡೆ ಹೋದ್ವಿ. ಆ ಹೆಣ್ಣುಮಗಳು ಅಗದಿ ತಿಳಿಸಿ ಹೇಳಿದ್ರು. ಹಡದ ಮೊದಲನೇ ವಾರ ಅಳು ಬರೋದು ಭಾಳ ಮಂದಿಗೆ ಇರ್ತದಂತ, ತಾನ ಹೋಗ್ತದ. ಎರಡು ವಾರ ದಾಟಿದ್ರೂ ಹೋಗಲಿಲ್ಲ ಅಂದ್ರ ತೋರಿಸಬೇಕು. ನಮ್ಮ ಮಂದಿ ಬಾಣಂತಿ ಸನ್ನಿ ಅನ್ನೋದು ಬ್ಯಾರೆ, ಅದು ಸಾವಿರಕ್ಕ ಒಬ್ಬರಿಗೋ ಇಬ್ಬರಿಗೋ, ಅದಕ್ಕ ಒಂದು ದಿವಸನೂ ಕಾಯಬಾರದು. ಹೆರಿಗಿಯೊಳಗ ಆದ ಅಂಜಿಕಿನೂ ಪೆಟ್ಟ ಅಂತ, ಅದಕ್ಕೂ ಔಷಧ ಅದ, ಮಾತದ. ‘ಕತ್ರಿ ತಗದಿಟ್ಟದ್ದು ತಪ್ಪಲ್ಲ, ಕೇಳದ ಇದ್ದದ್ದು ತಪ್ಪು’ ಅಂದ್ರು. ಬೆಂಗಳೂರಿನ ನಿಮ್ಹಾನ್ಸ್‌ನಾಗ ಈಗ ತಾಯಿ ಕೂಸು ಇಬ್ಬರ್ನೂ ಕೂಡೆ ಇಟಗೊಂಡು ನೋಡೋ ವಾರ್ಡೂ ಅದ ಅಂತ ಅವರು ಹೇಳಿದಾಗ ನಾ ಮೌಶಿ ಕೂಸಿನ್ನ ನೆನಸಿದೆ. ಮನಸ್ಸಿಗೆ ತ್ರಾಸಾದ್ರ ಯಾವಾಗ ಬೇಕಾದ್ರೂ ಫೋನ್ ಮಾಡಲಿಕ್ಕೆ ಟೆಲಿ ಮಾನಸ್ ಅಂತ ಸರ್ಕಾರದ ನಂಬರ್ ಅದ, 14416, ಬರದಿಟಗೋರಿ. ಕನ್ನಡದಾಗೂ ಮಾತಾಡ್ತಾರ.

ಮನಿಗೆ ಬಂದು ಅವ್ವಗ ಎಲ್ಲಾ ಹೇಳಿದೆ. ಅವ್ವ ಭಾಳೊತ್ತು ಕುರ್ಚ್ಯಾಗ ಕೂತಿದ್ಲು. ‘ನಮಗ ಆಗ ಏನ ಗೊತ್ತಿತ್ತು? ಸಿನೆಮಾ ನೋಡಿ ಅತ್ತಿದ್ವಿ, ಅಷ್ಟ’ ಅಂದ್ಲು. ಆಮ್ಯಾಲೆ ಎದ್ದು ಮೊಬೈಲ್ ತರಿಸಿಕೊಂಡು ತಂಗಿಗೆ ಫೋನ್ ಹಚ್ಚಿಸಿದ್ಲು. ಮೌಶಿಗೆ ಈಗ ಅರವತ್ತು ದಾಟ್ಯಾವ, ಗದಗಿನಾಗ ಒಬ್ಬಾಕಿನ ಇರ್ತಾಳ, ಓಣಿ ಹುಡುಗುರಿಗೆ ಪಾಠಾ ಹೇಳ್ತಾಳ. ಮಗ ದೊಡ್ಡಾವ ಆದ ಮ್ಯಾಲೆ ತಾನ ಹುಡುಕ್ಕೊಂಡು ಬಂದಿದ್ದ, ದೀಪಾವಳಿಗೊಮ್ಮೆ ಬರ್ತಾನ. ಅಕ್ಕತಂಗಿ ಇಬ್ಬರೂ ಏನ ಮಾತಾಡಿದ್ರೋ ನಾ ಕೇಳಲಿಕ್ಕೆ ನಿಲ್ಲಲಿಲ್ಲ. ಪಹರೆ ಕೆಲಸ ಬಿಟ್ಟೀನಿ.

ಮೌಶಿ ಮುಂದಿನ ವಾರನ ಬಂದ್ಲು, ಈಗ ಇಲ್ಲೇ ಇದ್ದಾಳ. ಮಗಳು ಔಷಧ ತೊಗೋಳಿಕತ್ತಾಳ, ನಿದ್ದಿ ಬರ್ಲಿಕತ್ತದ. ಪೂರಾ ಆರಾಮಾಗ್ಯಾಳ ಅಂತ ಹೇಳಂಗಿಲ್ಲ, ಇನ್ನೂ ಒಂದೊಂದು ದಿವಸ ಕಿಡಕಿ ಹತ್ರ ಕೂಡ್ತಾಳ. ಮೊನ್ನೆ ಗುರುವಾರ ಕೂಸು ಸೀನಿತು. ತಾನ ಸೀನಿ ತಾನ ಅಂಜಿ ಎರಡೂ ಕೈ ಮ್ಯಾಲೆತ್ತಿತು. ಖೋಲ್ಯಾಗಿಂದ ಮೌಶಿ ನಗೋದು ಕೇಳಿಸ್ತು. ಅಕಿ ಹಿಂದ ಸ್ವಲ್ಪ ತಡಾ ಮಾಡಿ ಮಗಳೂ ನಕ್ಳು. ನಾ ಅಡಗಿಮನ್ಯಾಗ ರೊಟ್ಟಿ ಬಡೀಲಿಕತ್ತಿದ್ದೆ. ಎದ್ದು ಹೋಗಿ ಇಣುಕಿ ನೋಡಲಿಲ್ಲ, ‘ಯಾಕ ನಗ್ಲಿಕತ್ತೀರೇ?’ ಅಂತ ಇಲ್ಲಿಂದನ ಒದರಿ ಕೇಳಿದೆ.